ಅರವತ್ತೆರಡು ಮಕ್ಕಳ ಎದುರುಮನೆ ತಾಯಿ

ನಾನು ಮಾತಿನವಳಲ್ಲ. ಅಮೆರಿಕದ ಬೆಲ್‌ವ್ಯೂನ ಫ್ಯಾಕ್ಟೋರಿಯಾ ಬಡಾವಣೆಯ ನಮ್ಮ ಆಫೀಸಿನ ಮೀಟಿಂಗುಗಳಲ್ಲಿ ನನ್ನ ಮೈಕು ಸದಾ ಮ್ಯೂಟ್. ಒಂದು ಸಲ ಮ್ಯಾನೇಜರ್ ನನ್ನ ಹೆಡ್‌ಸೆಟ್ ಕೆಟ್ಟಿದೆ ಅಂದುಕೊಂಡು ಹೊಸದನ್ನೇ ತರಿಸಿಕೊಟ್ಟರು. ಅದರಲ್ಲೂ ನಾನು ಮಾತಾಡಲಿಲ್ಲ. ಇಂಥವಳ ಎದುರುಮನೆಗೆ ದೇವರು ಒಬ್ಬ ನಟಿಯನ್ನು ತಂದಿಟ್ಟರೆ ಏನಾಗಬೇಕೋ ಅದೇ ಆಗುತ್ತಿದೆ. ಬಾಗಿಲು ತೆಗೆದಾಗಲೆಲ್ಲ ಒಂದು ಸೀನು. ಅದೇ ಊರಿನ ಕ್ರಾಸ್‌ರೋಡ್ಸ್‌ನ ನಮ್ಮ ಅಪಾರ್ಟ್‌ಮೆಂಟಿನ ಮೂರನೇ ಮಹಡಿಯಲ್ಲಿ ಮಗಳ ಜೊತೆ ಇರುವ ಈ ಕೊರಿಯಾದ ಆಂಟಿಗೆ ಎಪ್ಪತ್ತು ದಾಟಿದೆ. ಅವರು ಯಾರು ಅಂತ ಎರಡು ವರ್ಷ ಎದುರಿಗಿದ್ದ ನನಗೆ ಗೊತ್ತಿರಲಿಲ್ಲ. ಮೈಸೂರಿನಿಂದ ಬಂದ ನನ್ನ ಅಮ್ಮನಿಗೆ ಎರಡನೇ ವಾರಕ್ಕೇ ಗೊತ್ತಾಯಿತು.

ಲಿಫ್ಟಿನಲ್ಲಿ ಸಿಕ್ಕ ಸತ್ತವರು

ನಾನು ಆಫೀಸಿಗೆ ಹೋದರೆ ಅಮ್ಮನಿಗೆ ಕೊರಿಯಾದ ಸೀರಿಯಲ್ಲುಗಳೇ ಜೊತೆ. ತೆಲುಗಿನ ಡಬ್ಬಿಂಗ್‌ನಲ್ಲಿ ನೋಡುತ್ತಿದ್ದಳು. "ನಿಂಗೆ ತೆಲುಗು ಬರುತ್ತಾ?" ಅಂತ ಕೇಳಿದರೆ, "ಅತ್ತೆ ಕಾಟಕ್ಕೆ ಯಾವ ಭಾಷೆ ಬೇಕೇ? ಮುಖ ನೋಡಿದ್ರೆ ಸಾಲ್ದಾ?" ಅನ್ನುತ್ತಿದ್ದಳು.

ಒಂದು ಬೆಳಿಗ್ಗೆ ಲಿಫ್ಟಿನಲ್ಲಿ ಎದುರುಮನೆ ಆಂಟಿ ಇದ್ದರು. ಅಮ್ಮ ಅವರ ಮುಖ ನೋಡಿದವಳೇ ನನ್ನ ತೋಳು ಹಿಡಿದು ಗಟ್ಟಿಯಾಗಿ ಹಿಂಡಿದಳು.

"ಲೇ, ಇವ್ರು ನಿನ್ನೆ ಮಧ್ಯಾಹ್ನ ತೀರ್ಕೊಂಡ್ರು ಕಣೇ!"

"ಅಮ್ಮಾ, ಸುಮ್ನಿರು."

"ಸುಮ್ನೆ ಹೇಗಿರ್ಲೇ? ನಾನು ಅತ್ತಿದೀನಿ!"

ಆಂಟಿ ನನ್ನತ್ತ ನೋಡಿದರು. ಭೂಮಿ ಬಾಯಿ ಬಿಡಬಾರದೇ ಅನ್ನಿಸಿತು, ಆದರೆ ನಾವಿದ್ದದ್ದು ಲಿಫ್ಟಿನಲ್ಲಿ. ನಾನು ಇಂಗ್ಲಿಷಿನಲ್ಲಿ ತೊದಲುತ್ತಾ, ನಿನ್ನೆಯ ಸೀರಿಯಲ್ಲಿನಲ್ಲಿ ನೀವು ಸತ್ತಿದ್ದೀರಂತೆ, ನಮ್ಮಮ್ಮನಿಗೆ ತುಂಬಾ ಬೇಜಾರಾಗಿದೆ, ಅಂದೆ.

ಆಂಟಿ ಅಮ್ಮನ ಎರಡೂ ಕೈ ಹಿಡಿದುಕೊಂಡರು. ಆಮೇಲೆ ಡಾಕ್ಟರು ಕೇಳುವ ಹಾಗೆ ಬಹಳ ಗಂಭೀರವಾಗಿ ಕೇಳಿದರು: "ಯಾವುದು? ಕ್ಯಾನ್ಸರಾ, ಲಾರಿಯಾ?"

ಮಗನಿಗಿಂತ ಎರಡು ವರ್ಷ ಚಿಕ್ಕವಳು

ಅಲ್ಲಿಂದ ಇಬ್ಬರೂ ಗಳಸ್ಯ ಕಂಠಸ್ಯ. ಆಂಟಿಯ ಇಂಗ್ಲಿಷ್ ಮುರುಕು, ಅಮ್ಮನದು ಪುಡಿ. ಹಾಗಾಗಿ ಇಬ್ಬರಿಗೂ ಪೂರ್ತಿ ಅರ್ಥವಾಗುತ್ತಿತ್ತು. ಕಾನ್ವೆಂಟಿನಲ್ಲಿ ಕಲಿತ ನನ್ನ ಇಂಗ್ಲಿಷೇ ಅವರಿಗೆ ತೊಡಕು.

ಮೊದಲ ದಿನ ಊಟಕ್ಕೆ ಕರೆದಾಗ ಅಮ್ಮ ಬಿಸಿಬೇಳೆಬಾತ್ ಬಡಿಸುತ್ತಾ, "ಹಾಕಿಸ್ಕೊಳ್ಳಮ್ಮಾ, ನಾಚ್ಕೋಬೇಡ" ಅಂದಳು. ಆಂಟಿ ಚಮಚ ಕೆಳಗಿಟ್ಟುಬಿಟ್ಟರು. ಕೊರಿಯಾದಲ್ಲೂ ತಾಯಿಗೆ ಹೆಚ್ಚುಕಡಿಮೆ ‘ಅಮ್ಮಾ’ ಅಂತಲೇ ಅನ್ನುವುದು. "ಇವರೂ ನನ್ನನ್ನು ತಾಯಿ ಅನ್ನುತ್ತಾರಾ?" ಅಂತ ನನ್ನನ್ನು ಕೇಳಿದರು. ಅದು ಮರ್ಯಾದೆಗೆ ಅನ್ನೋದು, ನಮ್ಮ ಕಡೆ ಎಲ್ಲರಿಗೂ ಅಮ್ಮ ಅನ್ನುತ್ತೇವೆ, ಅಂತ ವಿವರಿಸುವಷ್ಟರಲ್ಲಿ ಅವರ ತಟ್ಟೆಗೆ ಇನ್ನೆರಡು ಸೌಟು ಬಿದ್ದಿತ್ತು. ಅವರು ಕಲಿತ ಮೊದಲ ಕನ್ನಡ ಪದ ‘ಸಾಕು’. ಅಮ್ಮನ ಮೇಲೆ ಅದು ಕೆಲಸ ಮಾಡುವುದಿಲ್ಲ ಅನ್ನುವುದು ಅವರು ಕಲಿತ ಎರಡನೆಯ ಪಾಠ.

"ಮಕ್ಕಳೆಷ್ಟು?" ಅಮ್ಮನ ಮಾಮೂಲು ಪ್ರಶ್ನೆ.

"ಹೆತ್ತದ್ದು ಒಂದು. ಕ್ಯಾಮೆರಾ ಮುಂದೆ ಅರವತ್ತೆರಡು," ಅಂದರು ಆಂಟಿ. ಬೆರಳು ಮಡಿಸುತ್ತಾ ಹೋದರು. ಡಾಕ್ಟರು, ವಕೀಲರು, ಒಬ್ಬ ರಾಜ, ಇಬ್ಬರು ಕೊಲೆಗಾರರು. "ಕೊಲೆಗಾರರೇ ಒಳ್ಳೆಯವರು. ಹಬ್ಬಕ್ಕೆ ಈಗಲೂ ಫೋನ್ ಮಾಡುತ್ತಾರೆ."

ಮೊದಲ ಸಲ ತಾಯಿಯಾದಾಗ ಅವರಿಗೆ ಇಪ್ಪತ್ತೊಂಬತ್ತು. ಮಗನ ಪಾತ್ರದವನಿಗೆ ಮೂವತ್ತೊಂದು. ಕೊರಿಯಾದಲ್ಲಿ ಒಂದು ವರ್ಷ ದೊಡ್ಡವರಿದ್ದರೂ ಬಾಗಿ ನಮಸ್ಕರಿಸಬೇಕು. ಸೀನಿನಲ್ಲಿ ಅವನು ಇವರ ಕಾಲು ಹಿಡಿದು ‘ಅಮ್ಮಾ, ಕ್ಷಮಿಸು’ ಅಂತ ಅಳಬೇಕು. ಕಟ್ ಅಂದ ತಕ್ಷಣ ಇವರು ಎದ್ದು ಅವನಿಗೆ ಬಾಗಿ, ‘ಹಿರಿಯರೇ, ಕಾಲು ಮುಟ್ಟಿಸಿಕೊಂಡಿದ್ದಕ್ಕೆ ಕ್ಷಮಿಸಬೇಕು’ ಅನ್ನಬೇಕು. ಒಂಬತ್ತು ಟೇಕು! ಇಬ್ಬರಿಗೂ ಸೊಂಟ ಹಿಡಿಯಿತು.

ಅಮ್ಮ ನಕ್ಕೂ ನಕ್ಕೂ ಕಣ್ಣೊರೆಸಿಕೊಂಡಳು. ಆಂಟಿಯೂ ನಕ್ಕರು. ನಗುತ್ತಲೇ ಒಂದು ಮಾತು ಹೇಳಿದರು: "ನಲವತ್ತು ವರ್ಷ. ಆದರೆ ಒಂದು ಪಾತ್ರಕ್ಕೂ ಹೆಸರಿರಲಿಲ್ಲ. ಪರದೆ ಮೇಲೆ ‘ನಾಯಕನ ತಾಯಿ’, ‘ನಾಯಕಿಯ ತಾಯಿ’. ಮಾರ್ಕೆಟ್ಟಿಗೆ ಹೋದರೆ, ಅಯ್ಯೋ, ಡಾಕ್ಟರ ತಾಯಿ ಬಂದರು ಅನ್ನುತ್ತಾರೆ. ಮೂಲಂಗಿ ಪುಕ್ಕಟೆ ಕೊಡುತ್ತಾರೆ. ಹೆಸರು ಕೇಳುವುದಿಲ್ಲ."

ಅಮ್ಮನ ಸೌಟು ಮತ್ತೆ ಪಾತ್ರೆಗೆ ಇಳಿಯಿತು. "ಛೆ! ನಾಯಿಮರಿಗೂ ಹೆಸರಿಡ್ತಾರೆ," ಅಂದು ಸಮಾಧಾನಕ್ಕೆ ಇನ್ನೊಂದು ಸೌಟು ಹಾಕಿದಳು.

ಅಮ್ಮ ಇಲ್ಲದ ಹೆಸರು

ನಮ್ಮ ಕಡೆಯ ಕೆಲವು ಕನ್ನಡದವರು ಸೇರಿ ವರ್ಷಕ್ಕೊಂದು ನಾಟಕ ಆಡುತ್ತಾರೆ. ಪಕ್ಕದೂರು ರೆಡ್ಮಂಡಿನಲ್ಲಿ ಸಾಫ್ಟ್‌ವೇರ್ ಮಾಡುವ, ಶನಿವಾರ ಮಾತ್ರ ಜುಬ್ಬಾ ಹಾಕುವ ಒಬ್ಬ ಅಂಕಲ್ ಡೈರೆಕ್ಟರು. ನಾನು ಪ್ರಾಂಪ್ಟರ್, ಅಂದರೆ ಪರದೆ ಹಿಂದೆ ನಿಂತು ಮರೆತವರಿಗೆ ಮಾತು ಎತ್ತಿಕೊಡುವವಳು. ಯಾರಿಗೂ ಕಾಣಿಸದ ಕೆಲಸ ಯಾವುದಿದೆ ಅಂತ ಕೇಳಿ ತೆಗೆದುಕೊಂಡಿದ್ದೆ.

ನಾಟಕಕ್ಕೆ ಮೂರು ವಾರ ಇರುವಾಗ ತಾಯಿಯ ಪಾತ್ರದವರು ಮೊಮ್ಮಗು ಹುಟ್ಟಿತೆಂದು ಟೆಕ್ಸಸ್ಸಿಗೆ ಹೋಗಿಬಿಟ್ಟರು. ನನ್ನನ್ನು ಒಂದು ಮಾತೂ ಕೇಳದೆ ಅಮ್ಮ ಡೈರೆಕ್ಟರಿಗೆ ಫೋನ್ ಹಚ್ಚಿ ಆಂಟಿಯ ಹೆಸರು ಕೊಟ್ಟಳು.

"ಅವರಿಗೆ ಕನ್ನಡ ಬರಲ್ವಲ್ಲಮ್ಮಾ?" ಅಂದರು ಡೈರೆಕ್ಟರು.

"ನಿಮ್ಮ ಹೀರೋಗೆ ಬರುತ್ತಾ?" ಅಂದಳು ಅಮ್ಮ. ಅಲ್ಲಿಗೆ ಮಾತು ಮುಗಿಯಿತು.

ಆಂಟಿಯದು ಒಂದೇ ಷರತ್ತು. ಪಾತ್ರಕ್ಕೆ ಹೆಸರು ಬೇಕು. ಸ್ಕ್ರಿಪ್ಟಿನಲ್ಲಿ ಬರೀ ‘ತಾಯಿ’ ಅಂತಿತ್ತು. "ಅದಕ್ಕೇನು, ಸಾವಿತ್ರಮ್ಮ ಅಂತ ಇಡೋಣ," ಅಂದರು ಡೈರೆಕ್ಟರು ಧಾರಾಳವಾಗಿ.

ಆಂಟಿ ತಲೆಯಲ್ಲಾಡಿಸಿದರು. "ಕೊನೆಯಲ್ಲಿ ಅಮ್ಮಾ ಇದೆ."

"ಸರಿ, ಜಯಮ್ಮ?"

"ಅಮ್ಮಾ."

"ರತ್ನಮ್ಮ? ಗೌರಮ್ಮ? ಕಮಲಮ್ಮ?"

ಆಂಟಿ ನನ್ನತ್ತ ತಿರುಗಿ ಕನಿಕರದಿಂದ ಕೇಳಿದರು: "ನಿಮ್ಮ ದೇಶದಲ್ಲಿ ಹೆಣ್ಣು ಹುಟ್ಟುವಾಗಲೇ ತಾಯಿಯಾಗಿ ಹುಟ್ಟುತ್ತಾಳಾ?"

ಆಮೇಲೆ ತಮ್ಮ ಹೆಸರಿನ ಕತೆ ಹೇಳಿದರು. ನಾಲ್ಕನೆಯ ಹೆಣ್ಣಾಗಿ ಹುಟ್ಟಿದರಂತೆ. ಅಪ್ಪ ಬೇಸತ್ತು ಇಟ್ಟ ಹೆಸರಿನ ಅರ್ಥ ‘ಕೊನೇ ಹುಡುಗಿ’. ಇನ್ನು ಹೆಣ್ಣು ಬರದಿರಲಿ ಅಂತ. ನಾನು ಅದನ್ನು ಕನ್ನಡದಲ್ಲಿ ಹೇಳಿದ್ದೇ ತಡ, ಅಮ್ಮ ಕುರ್ಚಿಯಿಂದ ಎದ್ದಳು.

"ಅಯ್ಯೋ, ನಿಮ್ಮಜ್ಜಿ ಹೆಸರೂ ಅದೇ ಅಲ್ವೇನೇ! ಸಾಕಮ್ಮ! ಐದನೇ ಹೆಣ್ಣು ಅಂತ ಸಾಕಮ್ಮ ಅಂತಿಟ್ರು!"

ನನ್ನ ಸ್ವಂತ ಅಜ್ಜಿಯ ಹೆಸರಿಗೆ ಒಂದು ಅರ್ಥವಿದೆ ಅಂತ ನನಗೆ ಗೊತ್ತಾದದ್ದು ಬೆಲ್‌ವ್ಯೂನಲ್ಲಿ, ಒಬ್ಬ ಕೊರಿಯಾದವರಿಂದ. ಆಂಟಿಗೆ ಬಿಡಿಸಿ ಹೇಳಿದೆ. ಸಾಕು ಅಂದರೆ ನಿಮಗೆ ಗೊತ್ತು, ಊಟದಲ್ಲಿ ಅಂತೀರಲ್ಲ. ಅಮ್ಮ ಅಂದರೆ ಅಮ್ಮ. ಇದರಲ್ಲೂ ಅಮ್ಮ ಇದೆ, ಸಾರಿ, ಅಂದೆ.

ಆಂಟಿ ಬಾಯಲ್ಲಿ ಎರಡು ಸಲ ಹೇಳಿ ನೋಡಿದರು. "ಸಾಕು. ಅಮ್ಮಾ." ಆಮೇಲೆ ಡೈರೆಕ್ಟರ ಕೈ ಕುಲುಕಿದರು. "ತಾಯಿಯಾಗಿದ್ದು ನಲವತ್ತು ವರ್ಷ. ಸಾಕು! ಇದೇ ನನ್ನ ಹೆಸರು."

ಪೇಡ

ನಮ್ಮ ರಿಹರ್ಸಲ್ಲಿನಲ್ಲಿ ಒಂದೇ ಕನ್ನಡ ಮೂರು ಲಿಪಿಯಲ್ಲಿತ್ತು. ಡೈರೆಕ್ಟರದು ಕನ್ನಡದಲ್ಲಿ, ಆಂಟಿಯದು ಕೊರಿಯನ್ ಅಕ್ಷರದಲ್ಲಿ, ನನ್ನದು ಇಂಗ್ಲಿಷ್ ಅಕ್ಷರದಲ್ಲಿ. ಕನ್ನಡದವಳು ನೀನಾ, ಅವರಾ, ಅಂತ ಡೈರೆಕ್ಟರು ಪ್ರತಿ ಸಲವೂ ಕೇಳುತ್ತಿದ್ದರು. ಮೊದಲು ಬಾಯಿಪಾಠ ಮಾಡಿ ಮುಗಿಸಿದವರು ಆಂಟಿ.

ಓಡಿಹೋದ ಮಗ ಶ್ರೀಮಂತನಾಗಿ ಬಂದು ಚಿನ್ನದ ಬಳೆ ಕೊಡುತ್ತಾನೆ, ತಾಯಿ ‘ಬೇಡ! ಬೇಡ ಮಗನೇ!’ ಅಂತ ಅಳುತ್ತಾಳೆ. ಇದೇ ಕೊನೆಯ ಸೀನು. ತೊಂದರೆಯೆಂದರೆ ಕೊರಿಯಾದವರ ಬಾಯಲ್ಲಿ ಮಾತಿನ ಮೊದಲಿಗೆ ಬಂದ ‘ಬ’ ‘ಪ’ ಆಗಿಬಿಡುತ್ತದೆ. ಮಗ ಬಳೆ ಚಾಚಿದ. ಆಂಟಿ ಎದೆ ಬಿರಿಯುವಂತೆ ಕೂಗಿದರು: "ಪೇಡ! ಪೇಡ ಮಗನೇ!"

ಅಳು ಎಷ್ಟು ಅಪ್ಪಟವಾಗಿತ್ತೆಂದರೆ ಒಬ್ಬರೂ ನಗಲಿಲ್ಲ. ಮುಂದಿನ ಶನಿವಾರ ಮೂರು ಮನೆಯವರು ಪೇಡ ತಂದಿದ್ದರು. "ಪಾಪ, ಅಷ್ಟು ಬಾಯಿಬಿಟ್ಟು ಕೇಳಿದ್ರು," ಅಂದರು.

ಮಗನ ಪಾತ್ರದವರು ಒಂದು ಕಂಪನಿಯಲ್ಲಿ ದೊಡ್ಡ ಬಾಸು. ಸೀನಿನ ನಡುವೆಯೂ ಫೋನ್ ನೋಡುವ ಚಟ. ಕೊರಿಯಾದ ತಾಯಂದಿರು ಬೈಯುವಾಗ ಮಗನ ಬೆನ್ನಿಗೆ ಅಂಗೈ ಬಿಡಿಸಿ ಒಂದು ಕೊಡುತ್ತಾರೆ, ಅದು ಅಲ್ಲಿನ ವಾಡಿಕೆ. ಸ್ಕ್ರಿಪ್ಟಿನಲ್ಲಿ ಇರಲಿಲ್ಲ. ಬಾಸು ಫೋನ್ ತೆಗೆದದ್ದೇ ತಡ, ಆಂಟಿಯ ನಲವತ್ತು ವರ್ಷದ ಅಭ್ಯಾಸದ ಕೈ ತಾನಾಗಿ ಎದ್ದಿತು. ಸದ್ದು ಪಾರ್ಕಿಂಗಿನವರೆಗೂ ಕೇಳಿಸಿತು. ಬಾಸಿನ ಕಣ್ಣಲ್ಲಿ ನೀರು ತುಂಬಿತು.

"ಅದ್ಭುತ! ಈಗ ಬಂತು ನೋಡಿ ಆ್ಯಕ್ಟಿಂಗು!" ಅಂದರು ಡೈರೆಕ್ಟರು.

"ಆ್ಯಕ್ಟಿಂಗ್ ಅಲ್ಲ ಸಾರ್," ಅಂದರು ಬಾಸು. "ಬೆನ್ನು."

ಮೂರಕ್ಷರ

ನಾಟಕದ ದಿನ ಮಧ್ಯಾಹ್ನ ಹಾಲ್‌ನಲ್ಲಿ ಕಾರ್ಯಕ್ರಮದ ಪುಸ್ತಿಕೆ ಹಂಚಿದರು. ನಾನು ಒಂದೊಂದೇ ಅಕ್ಷರ ಕೂಡಿಸಿ ಓದಿದೆ. ಅಚ್ಚಿಗೆ ಕೊಟ್ಟವರು ಹಳೇ ಪಟ್ಟಿಯನ್ನೇ ಇಟ್ಟುಕೊಂಡು ನಟಿಯ ಹೆಸರನ್ನು ಮಾತ್ರ ಬದಲಾಯಿಸಿದ್ದರು. ಪಾತ್ರದ ಜಾಗದಲ್ಲಿತ್ತು: ‘ನಾಯಕನ ತಾಯಿ’.

ಪುಸ್ತಿಕೆಯನ್ನು ಮಡಿಸಿ ಬಚ್ಚಿಡಲು ಹೋದೆ. ಅಷ್ಟರಲ್ಲಿ ಇಳಕಲ್ ಸೀರೆ ಉಟ್ಟು, ತಲೆಗೆ ಮಲ್ಲಿಗೆ ಮುಡಿದು ಆಂಟಿ ಬಂದೇ ಬಂದರು. "ನನ್ನ ಹೆಸರು ಎಲ್ಲಿದೆ? ತೋರಿಸು."

ನಾನು ‘ನಾಯಕನ ತಾಯಿ’ ಮೇಲೆ ಬೆರಳಿಟ್ಟೆ. "ಇದೇ."

ಅವರು ಕನ್ನಡಕ ಏರಿಸಿ ನೋಡಿದರು. "ಸಾಕಮ್ಮ ಮೂರಕ್ಷರ ಅಲ್ಲವಾ? ಇಲ್ಲಿ ಇಷ್ಟುದ್ದ ಇದೆ?"

"ಅದು... ಮರ್ಯಾದೆಗೆ ಸೇರಿಸ್ತಾರೆ," ಅಂದೆ.

ಅವರು ಆ ಸಾಲಿನ ಫೋಟೋ ತೆಗೆದು ಸಿಯೋಲಿನ ಗೆಳತಿಯರಿಗೆಲ್ಲ ಕಳಿಸಿದರು. ನನ್ನ ಮರ್ಯಾದೆ ಎಷ್ಟುದ್ದ ಅಂತ ನನಗೊಬ್ಬಳಿಗೇ ಗೊತ್ತಿತ್ತು.

ಸಾಕಮ್ಮಾ!

ಐದು ಗಂಟೆಗೆ ಹಾಲ್ ಖಾಲಿ ಮಾಡಬೇಕಿತ್ತು. ಕೊನೆಯ ಸೀನು ಶುರುವಾದಾಗ ಐದಕ್ಕೆ ಹತ್ತು. ರಿಹರ್ಸಲ್ಲಿನಲ್ಲಿ ಅದು ಎರಡು ನಿಮಿಷದ್ದು. ಆದರೆ ಆಂಟಿ ಎದುರಿಗೆ ಜನರನ್ನು ಕಂಡರು. ಪೇಡ ಅಂದರು, ಅತ್ತರು, ಬಾಸಿನ ಬೆನ್ನಿಗೆ ಕೊಟ್ಟರು, ಮತ್ತೆ ಅತ್ತರು, ನೆಲಕ್ಕೆ ಕೂತು ಕೊರಿಯನ್ನಿನಲ್ಲೂ ಅತ್ತರು. ಮುಂದಿನ ಸಾಲಿನಲ್ಲಿ ನಮ್ಮಮ್ಮ ಅಕ್ಕಪಕ್ಕದವರಿಗೆಲ್ಲ, "ನಮ್ಮ ಎದುರುಮನೆಯವರು!" ಅಂತ ಹೇಳಿಕೊಂಡು ತಾನೂ ಅಳುತ್ತಿದ್ದಳು. ಏಳು ನಿಮಿಷವಾಯಿತು.

ಡೈರೆಕ್ಟರು ಪರದೆ ಹಿಂದೆ ನನ್ನ ಪಕ್ಕ ಬಂದು ಗಡಿಯಾರ ತೋರಿಸಿದರು. "ಪುಟ್ಟಿ, ಸಾಕಮ್ಮಾ ಅನ್ನು, ನಿಲ್ಲಿಸ್ಲಿ!"

ನಾನು ಪಿಸುಗುಟ್ಟಿದೆ: "ಸಾಕಮ್ಮಾ..."

ಆಂಟಿಗೆ ಕೇಳಿಸಿತು. ಆದರೆ ಅವರಿಗೆ ಕೇಳಿಸಿದ್ದು ತಮ್ಮ ಹೆಸರು. ಅವರ ಲೆಕ್ಕದಲ್ಲಿ ಪರದೆ ಹಿಂದಿನಿಂದ ಹೆಸರು ಹಿಡಿದು ಕರೆದರೆ ಇನ್ನೂ ಚೆನ್ನಾಗಿ ಮಾಡು ಅಂತ ಅರ್ಥ. ದನಿ ಒಂದು ಮೆಟ್ಟಿಲು ಏರಿತು.

"ಗಟ್ಟಿಯಾಗಿ ಅನ್ನಮ್ಮಾ!" ಅಂದರು ಡೈರೆಕ್ಟರು.

ಹುಟ್ಟಿದಾಗಿನಿಂದ ನಾನು ಯಾರನ್ನೂ ಗಟ್ಟಿಯಾಗಿ ಕರೆದವಳಲ್ಲ. ಕಣ್ಣು ಮುಚ್ಚಿಕೊಂಡು ಕೂಗಿದೆ: "ಸಾಕಮ್ಮಾ!" ನನ್ನ ಮುಂದೆ ಹಿನ್ನೆಲೆ ಸಂಗೀತಕ್ಕೆಂದು ಇಟ್ಟಿದ್ದ ಮೈಕು ಆನ್ ಆಗಿತ್ತು. ಜೀವಮಾನದಲ್ಲಿ ಮೊದಲ ಸಲ ನಾನು ಮ್ಯೂಟ್ ಆಗಿರಲಿಲ್ಲ. ಹಾಲ್ ಪೂರ್ತಿ ನನ್ನ ದನಿ ಮೊಳಗಿತು.

ಇದು ನಾಟಕದ ಭಾಗ ಅಂದುಕೊಂಡು ನೆಲದ ಮೇಲೆ ಕೂತಿದ್ದ ಮಕ್ಕಳು ಕೂಗಿದವು: "ಸಾಕಮ್ಮಾ!" ಕನ್ನಡದಲ್ಲಿ ಏನು ಕೇಳಿದರೂ ಇಂಗ್ಲಿಷಿನಲ್ಲೇ ಉತ್ತರಿಸುವ ಮಕ್ಕಳು! ಖುಷಿಗೆ ಅಪ್ಪ ಅಮ್ಮಂದಿರೂ ಕೂಗಿದರು. ಆಮೇಲೆ ಎಲ್ಲರೂ ಎದ್ದು ನಿಂತು, ಚಪ್ಪಾಳೆಯ ತಾಳಕ್ಕೆ, "ಸಾಕಮ್ಮಾ! ಸಾಕಮ್ಮಾ! ಸಾಕಮ್ಮಾ!"

ಆಂಟಿಯ ಅಳು ನಿಂತಿತು. ಎದ್ದರು. ಸೆರಗು ಸರಿಮಾಡಿಕೊಂಡು ರಂಗದ ತುದಿಗೆ ಬಂದು, ಸೊಂಟದವರೆಗೆ ಬಾಗಿದರು. ತಲೆ ಎತ್ತಿದಾಗ ಆ ಮುಖವನ್ನು ನಾನು ಪಕ್ಕದಿಂದ ನೋಡಿದೆ. ಯಾರ ತಾಯಿಯೂ ಅಲ್ಲದ ಮುಖ. ಪುಸ್ತಿಕೆಯಲ್ಲಿ ನಾನು ತೋರಿಸಿದ ಸುಳ್ಳು ಹೆಸರನ್ನು ಒಂದಿಡೀ ಹಾಲ್ ನಿಜ ಮಾಡುತ್ತಿತ್ತು. ಅವರು ಮತ್ತೆ ಬಾಗಿದರು. ಜನ ಮತ್ತೆ ಕೂಗಿದರು. ಮತ್ತೆ ಬಾಗಿದರು.

ಐದು ಗಂಟೆ ಹತ್ತು ನಿಮಿಷಕ್ಕೆ ಬೀಗದಕೈ ಗೊಂಚಲು ಹಿಡಿದು ಹಾಲ್ ನೋಡಿಕೊಳ್ಳುವ ಅಮೆರಿಕನ್ ತಾತ ಬಂದರು. "ಇವರೆಲ್ಲ ಏನಂತ ಕೂಗುತ್ತಿದ್ದಾರೆ?" ಅಂತ ಕೇಳಿದರು.

ಡೈರೆಕ್ಟರು ಸುಳ್ಳು ಹೇಳುವವರಲ್ಲ. "‘ಸಾಕು, ತಾಯಿ’ ಅಂತ ಕೂಗುತ್ತಿದ್ದಾರೆ," ಅಂದರು.

ತಾತ ರಂಗದ ಕಡೆ ನೋಡಿದರು. ಆಂಟಿ ಒಂಬತ್ತನೆಯ ಸಲ ಬಾಗಿ, ಮಕ್ಕಳ ಕೋರಿಕೆ ಮೇರೆಗೆ ಮತ್ತೆ ಅಳಲು ನೆಲಕ್ಕೆ ಕೂರುತ್ತಿದ್ದರು. ತಾತ ಗೊಂಚಲನ್ನು ಜೇಬಿಗೆ ಹಾಕಿಕೊಂಡು, ಖಾಲಿ ಕುರ್ಚಿಯೊಂದನ್ನು ಎಳೆದು ಕೂತರು.

"ನಮ್ಮಮ್ಮನೂ ಹಾಗೇ," ಅಂದರು. "ಸಾಕು ಅಂದಷ್ಟೂ ಬಡಿಸೋಳು."