ಶಾಬ್ದಾನನ ನಾಡಿ

ಶಾಬ್ದಾನನ ಮಣಿಕಟ್ಟಿಗೆ ಆ ಗಡಿಯಾರ ಬಿದ್ದ ಬೆಳಿಗ್ಗೆ ಕೊಚ್ಕೋರ್ ಕಣಿವೆಯ ಗಾಳಿಯೇ ನಿಂತುಹೋಯಿತು. ಬೀಸುತ್ತಲೇ ಇತ್ತು ಎನ್ನುವವರು ಆವತ್ತು ಊರಲ್ಲಿರಲಿಲ್ಲ.

ಮಧ್ಯಾಹ್ನ ಕೊಕ್-ಬೊರು ಪಂದ್ಯ. ಕುದುರೆ ಮೇಲೆ ಕೂತು ಆಡಿನ ಕಳೇಬರಕ್ಕಾಗಿ ಕಿತ್ತಾಡುವ ಆ ಆಟದಲ್ಲಿ ಶಾಬ್ದಾನನಂಥ ಸವಾರ ಚೀನಾದ ಗಡಿಯವರೆಗೂ ಹುಟ್ಟಿರಲಿಲ್ಲ. ಗಡಿಯಾಚೆ ಹುಟ್ಟಿದ್ದವರು ಇವನ ಹೆಸರು ಕೇಳಿ ಕುದುರೆ ಮಾರಿಕೊಂಡಿದ್ದರು. ಆದರೆ ಐವತ್ತು ದಾಟಿದವರು ಊರಿನ ದಾದಿಯ ಒಪ್ಪಿಗೆ ಇಲ್ಲದೆ ಕಣಕ್ಕಿಳಿಯಬಾರದೆಂದು ತಂಡದವರು ಈ ವರ್ಷ ಹೊಸ ಕಟ್ಟಳೆ ಮಾಡಿದ್ದರು. ದಾದಿ ಝಿಪಾರ್ ನಾಡಿ ನೋಡುವ ಗಡಿಯಾರವನ್ನು ಅವನ ಕೈಗೆ ಕಟ್ಟಿದಳು.

"ಕೂತಾಗ ನೂರರೊಳಗೆ ಬರ್ಬೇಕು ಅಣ್ಣ. ಅಂಕಿ ನೇರ ನನ್ನ ಫೋನಿಗೇ ಬರುತ್ತೆ. ಮೋಸ ನಡೆಯಲ್ಲ."

ಅವಳು ಹೋದಮೇಲೆ ನೋಡಿದರೆ ಗಡಿಯಾರ ನೂರೈವತ್ತೆಂಟು ತೋರಿಸುತ್ತಿತ್ತು. ಶಾಬ್ದಾನ್ ಫೋನು ಹಚ್ಚಿದ.

"ಪಟ್ಟಿ ಸಡಿಲ ಆಗಿದೆ ಅನ್ಸುತ್ತೆ," ಎಂದಳು ಝಿಪಾರ್. "ಮೂಳೆಗಿಂತ ಸ್ವಲ್ಪ ಮೇಲೆ ಬಿಗಿಯಾಗಿ ಕಟ್ಟಿ. ಅಡಿಯ ಗಾಜು ಒರೆಸಿ. ಆಮೇಲೆ ಅಲುಗಾಡದೆ ಕೂತ್ಕೊಳ್ಳಿ, ತಾನೇ ಇಳಿಯುತ್ತೆ."

ಅಲುಗಾಡದೆ ಕೂರುವುದು! ಹಿಮಪರ್ವತಕ್ಕೆ ಹೇಳಿದ್ದರೆ ಕೂರುತ್ತಿತ್ತೇನೋ. ಪಟ್ಟಿ ಬಿಗಿದು, ಗಾಜು ಒರೆಸಿ, ಕಣ್ಣುಮುಚ್ಚಿ ಕೂತ ಶಾಬ್ದಾನನ ಬಾಗಿಲಲ್ಲಿ ಬಿಳಿಗಡ್ಡದ ಆಸನಾಲಿ ತಾತ ಕೆಮ್ಮಿದ. ಹಿರಿಯರು ಬಂದಾಗ ಕೂತೇ ಇರುವವನನ್ನು ಆ ಊರಲ್ಲಿ ಹೂಳಲೂ ಜಾಗ ಕೊಡುವುದಿಲ್ಲ. ಶಾಬ್ದಾನ್ ಚಿಮ್ಮಿ ಎದ್ದ, ಎದೆಗೆ ಕೈಯಿಟ್ಟು ಬಾಗಿದ, ಮೇಲಿನ ಪೀಠಕ್ಕೆ ಕರೆದೊಯ್ದ, ಎರಡೂ ಕೈಯಲ್ಲಿ ಹುಳಿಬಂದ ಕುದುರೆ ಹಾಲಿನ ಕುಮಿಸ್ ಬಟ್ಟಲು ನೀಡಿದ. ನೂರ ಹತ್ತಕ್ಕೆ ಇಳಿದಿದ್ದ ಅಂಕಿ ಮತ್ತೆ ನೂರ ನಲವತ್ತು.

"ನಿನ್ನ ಎದೆ ಕೆಟ್ಟಿದೆಯಂತೆ?" ಎಂದ ತಾತ. "ಅಲುಗಾಡಬೇಡಪ್ಪ. ಸ್ವಲ್ಪ ಆ ದಿಂಬು ತಗೊಂಡ್ಬಾ."

ತಾತ ಹೋಗಿ ಇವನು ಕೂತರೆ ತಾತನ ಅಣ್ಣ ಬಂದ. ಅವನ ಹಿಂದೆ ಬೀಗರು. ಶಾಬ್ದಾನನ ಎದೆಯ ಸುದ್ದಿ ಹಾಲಿಗಿಂತ ಬೇಗ ಉಕ್ಕಿ, ಕಣಿವೆಯ ಗಡ್ಡಗಳೆಲ್ಲ ಅವನ ಅಂಗಳಕ್ಕೆ ಹರಿದವು. ಪ್ರತಿ ಗಡ್ಡಕ್ಕೂ ಏಳಬೇಕು, ಬಾಗಬೇಕು, ಬಟ್ಟಲು ತುಂಬಬೇಕು. ಪ್ರತಿ ಗಡ್ಡವೂ "ಸುಮ್ನೆ ಕೂತ್ಕೋ" ಎಂದು ಹರಸಬೇಕು.

ಹೆಂಡತಿ ಬುರುಲಳ ತಮ್ಮ ಎರ್ಮೆಕ್ ಕುರಿ ತುಪ್ಪಟದ ಕತ್ತರಿ ಹಿಡಿದು ಬಂದ. "ಕೂದಲು ಅಡ್ಡ ಬಂದ್ರೆ ಗಡಿಯಾರದ ಬೆಳಕು ಒಳಗೆ ಹೋಗಲ್ವಂತೆ ಭಾವ. ಕೈ ಕೊಡಿ."

"ಕುರಿ ಅನ್ಕೊಂಡಿದೀಯೇನೋ ನನ್ನ?"

"ಕುರಿ ಆಗಿದ್ರೆ ಇಷ್ಟು ಒದ್ದಾಡ್ತಿರಲಿಲ್ಲ ಬಿಡಿ."

ಕತ್ತರಿ ಕೈ ಮುಟ್ಟಿದೊಡನೆ ಗಡಿಯಾರ ನೂರೆಪ್ಪತ್ತೊಂದಕ್ಕೆ ಹಾರಿತು.

"ರೀ, ಈ ಸಲ ಬಿಟ್ಟುಬಿಡಿ," ಎಂದಳು ಬುರುಲ್. "ಎರ್ಮೆಕ್ ಆಡ್ತಾನೆ. ನಿಮ್ಮ ಕುದುರೆ ಕೊಡಿ ಸಾಕು."

ತನ್ನ ಕುದುರೆ ತೊರುವಿನ ಮೇಲೆ ಎರ್ಮೆಕ್! ಶಾಬ್ದಾನ್ ಮೂತ್ರಕ್ಕೆಂದು ಹೇಳಿ ಲಾಯಕ್ಕೆ ಓಡಿದ. ಅಲ್ಲಿ ತೊರು ಕಣ್ಣರ್ಧ ಮುಚ್ಚಿಕೊಂಡು, ಜಗತ್ತಿನ ಯಾವ ಗಡ್ಡಕ್ಕೂ ಏಳದೆ ಹುಲ್ಲು ಮೆಲ್ಲುತ್ತಿತ್ತು. ಕುದುರೆ ಬೇರೆ ಸವಾರ ಬೇರೆ ಎಂದು ಅಲ್ಲಿ ಯಾವ ಗಂಡಸು ಒಪ್ಪುತ್ತಾನೆ? ಕಣದಲ್ಲಿ ಇಬ್ಬರದೂ ಒಂದೇ ಜೀವ. ಶಾಬ್ದಾನ್ ಅದರ ಮುಂಗಾಲಿನ ಒಳಬದಿ ಬೋಳಿಸಿ ಗಡಿಯಾರವನ್ನು ಬಿಗಿದ. ಅಂಕಿ ಇಳಿಯಿತು, ಇಳಿಯಿತು, ಮೂವತ್ತೈದಕ್ಕೆ ಬಂದು ನಿಂತಿತು.

ಮೂವತ್ತೈದು! ನೂರು ಕೇಳಿದರೆ ಮೂರರಲ್ಲೊಂದು ಪಾಲು ಕೊಟ್ಟಿದ್ದ. ಗಡಿಯಾರವನ್ನು ಮತ್ತೆ ಕೈಗೇರಿಸಿ ಎದೆಯುಬ್ಬಿಸಿ ಕುದುರೆಯನ್ನು ಹೊರತಂದು, ಅದಕ್ಕೆ ಜೀನು ಬಿಗಿದ.

ಅಷ್ಟರಲ್ಲಿ ಝಿಪಾರ್ ಆಸ್ಪತ್ರೆಯಿಂದ ತಲೆವಸ್ತ್ರ ಹಾರಿಸಿಕೊಂಡು ಓಡಿಬಂದಳು. "ಹಿಡ್ಕೊಳ್ಳಿ ಅವರನ್ನ! ನಾಡಿ ಮೂವತ್ತೈದು! ಮನುಷ್ಯ ನಿಂತಿರೋದೇ ಹೆಚ್ಚು!"

ಗಡ್ಡಗಳೆಲ್ಲ ಸೇರಿ ಅವನನ್ನು ಎತ್ತಿ ಒಳಗೊಯ್ದು ಕಂಬಳಿಯ ಮೇಲೆ ಕೆಡವಿದವು.

"ಅದು ನಂದಲ್ಲ ತಂಗಿ, ಕುದುರೇದು!" ಎಂದು ಶಾಬ್ದಾನ್ ಕೂಗಿದ. "ತೊರು ಕಾಲಿಗೆ ಕಟ್ಟಿದ್ದೆ!"

ಝಿಪಾರ್ ಬುರುಲಳ ಕಡೆ ತಿರುಗಿ ದನಿ ತಗ್ಗಿಸಿದಳು. "ಮಾತು ತಪ್ತಿದೆ ಅತ್ತಿಗೆ. ಮೆದುಳಿಗೆ ರಕ್ತ ಹೋಗ್ತಿಲ್ಲ."

"ನಮ್ಮಪ್ಪಾನೂ ಕೊನೇಲಿ ಕುದುರೆ ಕುದುರೆ ಅಂತಲೇ ಅಂದ," ಎಂದು ಆಸನಾಲಿ ತಾತ ಕಣ್ಣೊರೆಸಿಕೊಂಡ.

"ಜೀನು ಹೇಗೂ ಬಿಗಿದಾಗಿದೆ," ಎಂದ ಎರ್ಮೆಕ್.

ಮಧ್ಯಾಹ್ನ ಬಯಲಿನ ಕಡೆಯಿಂದ ಭೂಮಿ ಬಿರಿಯುವಂಥ ಕೂಗು ಬಂತು: "ಎರ್ಮೆಕ್! ಎರ್ಮೆಕ್!" ಕಂಬಳಿಯ ಮೇಲಿದ್ದ ಶಾಬ್ದಾನ್ ಒದ್ದಾಡುವುದನ್ನು ಬಿಟ್ಟ, ಇನ್ನು ಒದ್ದಾಡಲು ಏನೂ ಉಳಿದಿರಲಿಲ್ಲ. ಅಲುಗಾಡದೆ ಚಾವಣಿ ನೋಡುತ್ತ ಮಲಗಿದ.

ಝಿಪಾರ್ ಬಗ್ಗಿ ಗಡಿಯಾರ ನೋಡಿದಳು. "ಎಪ್ಪತ್ತೆರಡು! ಇದಪ್ಪ ನಾಡಿ ಅಂದ್ರೆ! ನೋಡಿದ್ರಾ, ಮಲಗಿಸಿದ್ದಕ್ಕೇ ಸರಿಹೋಯ್ತು."

"ಹಾಗಾದ್ರೆ ಏಳಿಸೋದೇ ಬೇಡಮ್ಮ," ಎಂದ ಆಸನಾಲಿ ತಾತ, ಖಾಲಿ ಬಟ್ಟಲನ್ನು ಬುರುಲಳತ್ತ ಚಾಚುತ್ತ. "ಮುಂದಿನ ವರ್ಷದ ಪಂದ್ಯ ಮುಗಿಯೋವರೆಗೂ ಹೀಗೇ ಇರ್ಲಿ."