ಧಾರಾವಾಹಿ ಬರೆಯುವವರ ಕೈಯಲ್ಲಿ ನನ್ನ ಇಕಾಮಾ

ಹೆದರುವವರನ್ನು ಹುಡುಕಿಕೊಂಡೇ ಇಂಥದ್ದೆಲ್ಲ ಬರ್ತದೆ ಅಂತ ಕಾಣ್ತದೆ. ಇಲ್ಲದಿದ್ದರೆ ಇಡೀ ಕುವೈತಿನಲ್ಲಿ ಆ ಬ್ರಿಟಿಷ್ ಸರ್‌ಗೆ ನಾನೇ ಯಾಕೆ ಸಿಗಬೇಕಿತ್ತು? ಲಂಡನ್ನಿನ ಟಿವಿಗೆ ಕೊಲೆ ಧಾರಾವಾಹಿ ಬರೆಯುವವರು ಅವರು, ನಿರ್ಮಾಪಕರೂ ಅವರೇ. ಬರೆದು ಬರೆದು ಕೂದಲು ಬೆಳ್ಳಗಾಗಿದೆ. ಎಷ್ಟು ಜನರನ್ನು ಕೊಂದಿದ್ದಾರೆಂದು ಅವರಿಗೇ ನೆನಪಿಲ್ಲ. ಈ ಸಲದ ಕಥೆ ಕುವೈತಿನದ್ದು. ಶೂಟಿಂಗಿಗೆ ವಾಹನ, ಪರ್ಮಿಶನ್, ಊಟ ಹೊಂದಿಸುವುದು ನಮ್ಮ ಕಂಪನಿ, ಅಂದರೆ ನಾನು.

ಕಂಪನಿಯ ಯಜಮಾನರಾದ ನಮ್ಮ ಕಫೀಲ್ ಮೊದಲ ದಿನವೇ ಹೇಳಿದ್ದರು, "ಒಂದು ಕಂಪ್ಲೇಂಟ್ ಬಂದರೂ ನೀನು ಖಲಾಸ್." ನನ್ನ ಗಂಡನೂ ಅದೇ ಕಂಪನಿಯ ಸ್ಟೋರಿನಲ್ಲಿ. ಇಬ್ಬರ ಇಕಾಮಾವೂ, ಅಂದರೆ ಕುವೈತಿನಲ್ಲಿ ಇರುವ ಪರವಾನಗಿ, ಆ ಒಬ್ಬ ಮನುಷ್ಯನ ಕೈಯಲ್ಲಿ. ಅದು ಹೋದರೆ ಮಗಳ ಹತ್ತನೇ ಕ್ಲಾಸು ಅರ್ಧಕ್ಕೇ ಬಿಟ್ಟು, ಪೆಟ್ಟಿಗೆ ಕಟ್ಟಿ ಮಂಗಳೂರಿನ ವಿಮಾನ ಹತ್ತುವುದೇ. ಫೋನ್ ರಿಂಗಾದರೆ ಸಾಕು, ನನ್ನ ಜೀವ ಬಾಯಿಗೆ ಬರುತ್ತಿತ್ತು.

ಅಹ್ಮದಿ ದಾರಿಯಲ್ಲಿ

ಬರೆಯುವ ಮೊದಲು ಸಂಭಾಷಣೆಯನ್ನು ಜೋರಾಗಿ ಹೇಳಿ ಫೋನಿನಲ್ಲಿ ರೆಕಾರ್ಡ್ ಮಾಡುವುದು ಸರ್ ಅವರ ಅಭ್ಯಾಸ. ಜಾಗ ನೋಡಲು ಅಹ್ಮದಿಗೆ ಹೋಗುವಾಗ ಹಿಂದಿನ ಸೀಟಿನಲ್ಲಿ ಶುರು ಮಾಡಿದರು, "ಆ ಚಂದದ ಹುಡುಗಿ ನಾಳೆ ಬದುಕಿರಬಾರದು. ಹೆಣ ಮರಳಲ್ಲಿ ಹೂತುಬಿಡು."

ಪೇಶಾವರದ ಹೊಸ ಡ್ರೈವರ್ ಕಾರನ್ನು ಸೀದಾ ಪೆಟ್ರೋಲ್ ಪಂಪಿನಲ್ಲಿ ನಿಲ್ಲಿಸಿ, ಇಳಿದು ಓಡಿಯೇ ಹೋದ. ನಾನು ಹಿಂದಿನಿಂದ ಓಡಿ ಹಿಡಿದೆ. "ಭಾಯಿ, ಅದು ಬರೀ ಕಥೆ! ಅಲ್ಲ, ಕೊಲೆಗಾರನ ಜೊತೆ ನನ್ನೊಬ್ಬಳನ್ನೇ ಬಿಟ್ಟು ಓಡ್ತೀಯಲ್ಲ, ನಾಚಿಕೆ ಆಗುದಿಲ್ವಾ?"

"ಚಂದದ ಹುಡುಗಿ ಅಂದ್ರಲ್ಲ ಮೇಡಂ," ಅಂದ ಪುಣ್ಯಾತ್ಮ. "ನಿಮಗೇನೂ ಭಯ ಇಲ್ಲ ಅಂತ ಗೊತ್ತಾಯ್ತು."

ಒಂಟೆಗಳು

ಬೆಳಿಗ್ಗೆ ಸರ್ ಬರಹಗಾರ. ಊಟ ಆದ ಮೇಲೆ ನಿರ್ಮಾಪಕ. ಒಂದು ಬೆಳಿಗ್ಗೆ, "ಇಲ್ಲಿ ಒಂದು ಹಿಂಡು ಒಂಟೆ ಓಡಬೇಕು" ಅಂದರು. ಯಾರ್ಯಾರ ಕಾಲು ಹಿಡಿದೆನೋ, ಅಂತೂ ಒಂಟೆಗಳು ಲಾರಿಯಲ್ಲಿ ಬಂದವು. ಮಧ್ಯಾಹ್ನ ಅದೇ ಸರ್ ಹೊರಗೆ ಬಂದು ಕಿರುಚಿದರು, "ಯಾವ ಮೂರ್ಖ ಇವನ್ನು ಕೇಳಿದ್ದು?"

ನೀವೇ ಅಂದರೂ ಕಂಪ್ಲೇಂಟ್, ನಾನೇ ಅಂದರೂ ಕಂಪ್ಲೇಂಟ್.

"ಬರಹಗಾರರು, ಸರ್."

"ಅವನಿಗೆ ತಲೆ ಸರಿ ಉಂಟಾ?" ಅಂತ ಒಂಟೆಗಳನ್ನು ವಾಪಸ್ ಕಳಿಸಿದರು. ಮರುದಿನ ಬೆಳಿಗ್ಗೆ ಬಂದು ಒಂಟೆ ಎಲ್ಲಿ ಅಂತ ಕೇಳಿದರು.

"ನಿರ್ಮಾಪಕರು ಬೇಡ ಅಂದರು, ಸರ್."

ಸರ್ ಸುತ್ತ ನೋಡಿ, ನನ್ನ ಕಿವಿಯ ಹತ್ತಿರ ಬಗ್ಗಿ ಹೇಳಿದರು, "ಅವನ ಹತ್ತಿರ ಜಾಗ್ರತೆಯಿಂದ ಇರು. ಹೃದಯ ಇಲ್ಲದ ಮನುಷ್ಯ."

ಕಫೀಲ್ ಸಾಯಬಾರದು

ಒಂದು ಶುಕ್ರವಾರ ಮಧ್ಯಾಹ್ನ ಸರ್ ರಿಗ್ಗೈಯ ನಮ್ಮ ಫ್ಲ್ಯಾಟಿಗೆ ಊಟಕ್ಕೆ ಬಂದರು. ಕೋರಿ ರೊಟ್ಟಿ ತಿಂದು, ಗಾಳಿಗೆ ಹೋಗಿ ಬರ್ತೇನೆ ಅಂತ ಹೋದವರು ಪತ್ತೆಯೇ ಇಲ್ಲ. ಆಮೇಲೆ ಫೋನು, "ಟೆರೇಸಿನಲ್ಲಿದ್ದೇನೆ. ಯಾರೋ ಬೀಗ ಹಾಕಿದ್ದಾರೆ."

ಓಡಿ ಹೋಗಿ ನೋಡಿದರೆ ಕಟ್ಟಡ ಕಾಯುವ ಹಾರಿಸ್, ಕೈಯಲ್ಲಿ ಕಬ್ಬಿಣದ ಸಲಾಕೆ ಹಿಡಿದು ಬಾಗಿಲಿಗೆ ಬೆನ್ನು ಕೊಟ್ಟು ಕೂತಿದ್ದಾನೆ. ಸರ್ ಅವನನ್ನು ಕೇಳಿದ್ದರಂತೆ, "ಈ ಕಟ್ಟಡದಲ್ಲಿ ಹೆಣ ಅಡಗಿಸುವುದಾದರೆ ಎಲ್ಲಿಡಬಹುದು?" ಅವನು ಮರ್ಯಾದೆಯಿಂದಲೇ ನೀರಿನ ಟ್ಯಾಂಕ್ ತೋರಿಸಲು ಕರಕೊಂಡು ಹೋಗಿ, ಟೆರೇಸಿನಲ್ಲೇ ಕೂಡಿಹಾಕಿ, ಪೊಲೀಸರಿಗೆ ಫೋನ್ ಮಾಡಿದ್ದ.

ಪೊಲೀಸರು ಬಂದು ವಿಷಯ ಕೇಳಿ ಹೊಟ್ಟೆ ಹಿಡಿದು ನಕ್ಕರು. ಆದರೆ ಹೋಗುವ ಮೊದಲು ನಮ್ಮ ಕಫೀಲ್‌ಗೆ ಫೋನ್ ಮಾಡಿಯೇ ಹೋದರು.

ಕಫೀಲ್ ಬಂದರು. ಸರ್ ಜೊತೆ ನಮ್ಮ ಹಾಲ್‌ನಲ್ಲಿ ಬಾಗಿಲು ಹಾಕಿಕೊಂಡು ಕೂತರು. ನಾನು ಅಡುಗೆಮನೆಯಲ್ಲಿ ಜಪಸರ ಹಿಡಿದು ಕೂತಿದ್ದೆ. ನಮ್ಮವರು ಮಂಚದ ಅಡಿಯಿಂದ ಪೆಟ್ಟಿಗೆ ಎಳೆಯುವ ಸದ್ದು ಕೇಳ್ತಾ ಇತ್ತು. ಆಯ್ತು ದೇವರೇ, ಎಲ್ಲ ಮುಗಿಯಿತು ಅಂದುಕೊಂಡೆ. ಕಫೀಲ್ ಮುಖ ಗಂಟು ಹಾಕಿಕೊಂಡು ಹೊರಗೆ ಬಂದರು.

"ಈ ಕಥೆಯಲ್ಲಿ ಒಬ್ಬ ಕಫೀಲ್ ಇದ್ದಾನಂತೆ. ಒಳ್ಳೆಯವನಂತೆ."

"ಹೌದು, ಬಾಸ್."

"ಆದರೂ ಅವನನ್ನು ಕೊಲ್ತಾರಂತೆ! ಅವನು ಸಾಯಬಾರದು. ಇನ್ನು ಅದೇ ನಿನ್ನ ಕೆಲಸ. ಅವನು ಸತ್ತರೆ ನೀನು ಖಲಾಸ್."

ಅವತ್ತಿನಿಂದ ನನಗೆ ಊಟ ಸೇರಲಿಲ್ಲ. ದಿನಾ ಬೆಳಿಗ್ಗೆ ಸರ್ ಹತ್ತಿರ ಹೋಗಿ, "ಕಫೀಲ್ ಹೇಗಿದ್ದಾರೆ, ಸರ್?" ಅಂತ ಕೇಳುವುದು. "ಸ್ವಲ್ಪ ಕಷ್ಟ ಉಂಟು" ಅನ್ನುವರು. ಕಡೆಗೊಮ್ಮೆ ತಡೆಯಲಾಗದೆ ಅತ್ತುಬಿಟ್ಟೆ. ಮಗಳ ಶಾಲೆ, ನಮ್ಮಿಬ್ಬರ ಇಕಾಮಾ, ಎಲ್ಲ ಹೇಳಿದೆ. ಸರ್ ಪೆನ್ನು ಕೆಳಗಿಟ್ಟರು.

"ಇದು ಕೊಲೆ ಧಾರಾವಾಹಿ. ಯಾರಾದರೂ ಸಾಯಲೇಬೇಕಲ್ಲ?"

"ಯಾರನ್ನು ಬೇಕಾದರೂ ಕೊಲ್ಲಿ ಸರ್, ಅವರೊಬ್ಬರನ್ನು ಬಿಟ್ಟು!"

ತಿಂಗಳುಗಳ ನಂತರ ಅದು ಟಿವಿಯಲ್ಲಿ ಬಂತು. ನಾವು ಮೂವರೂ ಉಸಿರು ಬಿಗಿ ಹಿಡಿದು ನೋಡಿದೆವು. ಕೊನೆಯ ಕಂತಿನಲ್ಲೂ ಕಫೀಲ್ ಗಟ್ಟಿಮುಟ್ಟಾಗಿ ಕೂತು ಖರ್ಜೂರ ತಿನ್ನುತ್ತಿದ್ದಾರೆ! ಅಬ್ಬ ಅಂತ ನಾನು ಸೋಫಾಕ್ಕೆ ಒರಗುವಷ್ಟರಲ್ಲಿ ಅವರ ಆಫೀಸಿನ ಬಾಗಿಲು ತೆರೆಯಿತು. ಒಳಗೆ ಮಂಗಳೂರಿನ ಹೆಂಗಸೊಬ್ಬಳು ಮೇಜಿನ ಮೇಲೆ ಕವುಚಿ ಬಿದ್ದಿದ್ದಾಳೆ. ನನ್ನದೇ ಕನ್ನಡಕ, ನನ್ನದೇ ತುರುಬು.

"ಮಮ್ಮಿ! ಯು ಆರ್ ಡೆಡ್!" ಅಂತ ಮಗಳು ಕುಣಿದಳು.

ಅಷ್ಟರಲ್ಲಿ ಕಫೀಲ್ ಫೋನು. ಖುಷಿಯೋ ಖುಷಿ. "ನಾಳೆ ಇಬ್ಬರ ಪಾಸ್‌ಪೋರ್ಟೂ ತಾ. ಇಕಾಮಾ ರಿನ್ಯೂ ಮಾಡುವ."

ಸತ್ತ ಮೇಲೆ ಇಕಾಮಾ ರಿನ್ಯೂ ಆದದ್ದು ಇಡೀ ಕುವೈತಿನಲ್ಲಿ ನನಗೊಬ್ಬಳಿಗೇ ಇರಬೇಕು.