ಕಿವಿಮರದ ಮುನ್ನೂರು ಕಡ್ಡಿ

ಕುಸುಮಾ ಮೂರನೆಯ ಅಕ್ಕಿರೊಟ್ಟಿಯನ್ನು ಕಾವಲಿಯ ಮೇಲೆ ಮಗುಚುತ್ತಿದ್ದಾಗ ಹಿತ್ತಿಲ ಕಡೆಯಿಂದ ಕತ್ತಿ ಮಸೆಯುವ ಸದ್ದು ಬಂತು. ಭಾನುವಾರ ಎಸ್ಟೇಟಿಗೆ ರಜೆ. ರಜೆಯ ದಿನ ಕತ್ತಿಗೇನು ಕೆಲಸವೆಂದು ಕೈಯಲ್ಲಿದ್ದ ಮಗುಚುವ ಕೈ ಸಮೇತ ಹೊರಗೆ ಬಂದಳು. ಬೇಲಿಯಾಚೆ ಮೇಸ್ತ್ರಿ ಧರ್ಮೇಶ ಇಬ್ಬರು ಆಳುಗಳ ಜೊತೆ ನಿಂತು, ಅಂಗಿ ಹೊಲಿಯಲು ಅಳತೆ ತೆಗೆಯುವವನ ಹಾಗೆ, ಅವಳ ಮರವನ್ನು ಮೇಲಿಂದ ಕೆಳಗೆ ನೋಡುತ್ತಿದ್ದ.

"ಏನ್ ಧರ್ಮೇಶಣ್ಣ, ಇವತ್ತೂ ಮರಗಸಿನಾ?"

"ಮಳೆ ಹಿಡಿಯೋಕ್ ಮುಂಚೆ ನೆರಳಿನ ಮರ ಸವರಿ ಮುಗೀಬೇಕಲ್ಲ ಮಾರಾಯ್ತಿ. ಇದರ ನೆರಳಿಗೆ ಕೆಳಗಿನ ಕಾಫಿ ಗಿಡ ಏಳ್ತಾನೇ ಇಲ್ಲ. ಕೊಂಬೆ ಸವರೋದಲ್ಲ, ಬುಡಕ್ಕೇ ಹಾಕು ಅಂದಿದಾರೆ ಸಾಹುಕಾರ್ರು."

ಕುಸುಮಾ ಬೇಲಿಯ ಹತ್ತಿರಕ್ಕೆ ಓಡಿದಳು.

ಅದು ಹೆಸರು ಗೊತ್ತಿಲ್ಲದ ಕಾಡುಮರ. ಆದರೆ ಅವಳ ಪಾಲಿಗೆ ಅದು ಅಮ್ಮನ ಕಿವಿಮರ. ಚಿಕ್ಕವಳಿದ್ದಾಗ ರಜೆಯಲ್ಲಿ ಅಮ್ಮನ ಜೊತೆ ಕಾಫಿ ಕುಯ್ಯಲು ಹೋಗುತ್ತಿದ್ದಳು. ಮಗಳ ಕೈ ನಿಲ್ಲಬಾರದೆಂದು ಅಮ್ಮ ಕತೆ ಕಟ್ಟುತ್ತಿದ್ದಳು. ಒಂದು ಗಿಡ ಬರಿದಾದರೆ ಕತೆ ಒಂದು ಹೆಜ್ಜೆ ಮುಂದೆ. ಮಂಜಿನಾಚೆ ಒಂದು ನಾಡು. ಅಲ್ಲಿ ಮನೆಗೊಂದು ಕಿವಿಮರ. ಯಾರಿಗೂ ಹೇಳಲಾಗದ್ದನ್ನು ಅದರ ಬುಡದಲ್ಲಿ ಪಿಸುಗುಟ್ಟಿದರೆ ಒಂದು ಹೊಸ ಎಲೆ ಮೂಡುತ್ತದೆ. ಹೇಳಿದವರ ಗುಟ್ಟು ಹೊರಗೆ ಬೀಳುವುದಿಲ್ಲ, ಎಲೆಯೂ ಬೀಳುವುದಿಲ್ಲ. ಆ ನಾಡಿನಲ್ಲಿ ಜಗಳವೇ ಇಲ್ಲ.

ಅಮ್ಮ ಹೋಗಿ ನಾಲ್ಕು ವರ್ಷ. ಅಂದಿನಿಂದ ದಿನವೂ ಪಾತ್ರೆ ತೊಳೆದ ಮೇಲೆ ಕುಸುಮಾ ಈ ಮರದ ಹತ್ತಿರ ಹೋಗಿ ಎರಡು ಮಾತಾಡಿ ಬರುತ್ತಿದ್ದಳು. ದೊಡ್ಡ ಗುಟ್ಟುಗಳೇನಲ್ಲ. ಮೊಣಕಾಲು ನೋವು, ಹಿಂದಿನ ರಾತ್ರಿಯ ಕನಸು, ಸುಮ್ಮನೆ ಅಳು ಬಂದದ್ದು. ಗಂಡ ಶಂಕರ ಒಳ್ಳೆಯವನೇ. ಆದರೆ ಹೊರನಾಡಿಗೆ ಜೀಪು ಓಡಿಸಿ ಬಂದವನಿಗೆ ಏನು ಹೇಳಿದರೂ "ಹೂಂ" ಎನ್ನುತ್ತಿದ್ದ. ಮರ "ಹೂಂ" ಎನ್ನುತ್ತಿರಲಿಲ್ಲ, ಕೇಳುತ್ತಿತ್ತು.

ಇದನ್ನು ಮೇಸ್ತ್ರಿಗೆ ಹೇಗೆ ಹೇಳುವುದು? ಬಾಯಿ ತಾನಾಗಿ ಅಂದುಬಿಟ್ಟಿತು: "ಕಡೀಬೇಡಿ ಅಣ್ಣ, ಅದು ಕಿವಿಮರ!"

ಧರ್ಮೇಶ ಪೆಚ್ಚಾದ. ತೋಟದ ಒಂದೊಂದು ಮರವೂ ತನಗೆ ಗೊತ್ತೆಂದು ಇಪ್ಪತ್ತು ವರ್ಷದಿಂದ ಹೇಳಿಕೊಂಡು ಬಂದವನು. ಆಳುಗಳು ಅವನ ಮುಖವನ್ನೇ ನೋಡುತ್ತಿದ್ದರು.

"ಓ... ಕಿವಿಮರಾನಾ! ಎಲೆ ಎಳೇದು ನೋಡಿ, ಗುರುತೇ ಸಿಗಲಿಲ್ಲ. ಇದು ಭಾರೀ ಅಪರೂಪ ಕಣ್ರೋ."

ಪಕ್ಕದ ಮನೆಯ ಸಿದ್ದಗಂಗಮ್ಮ ಬೇಲಿಯ ಮೇಲೆ ಕತ್ತು ಚಾಚಿದಳು. "ನಮ್ಮ ಕಳಸದ ಅಜ್ಜಿ ಮನೇಲಿ ಎರಡಿದ್ವು. ಗುಟ್ಟು ಹೇಳಿದ್ರೆ ಎಲೆ ಬಿಡುತ್ತೆ ಅಲ್ವೇನೇ?"

ಕುಸುಮಾ ಬೆಚ್ಚಿದಳು. ಕತೆಯನ್ನು ಅಮ್ಮ ಕೂಲಿಗಳ ಲೈನಿನ ಮನೆಗಳಿಗೆಲ್ಲ ಹೇಳಿದ್ದಳೇ? ತನ್ನ ಅಮ್ಮನ ಸೀರೆಯನ್ನು ಬೇರೆ ಯಾರೋ ಉಟ್ಟು ಎದುರಿಗೆ ಬಂದಂತಾಯಿತು. ಒಳಗೆ ರೊಟ್ಟಿ ಸೀದ ವಾಸನೆ ಬಂದರೂ ಕಾಲು ಕೀಳಲಾಗಲಿಲ್ಲ.

ಗಂಟೆಯೊಳಗೆ ಬೇಲಿಯ ಬಳಿ ಸಾಲು ನಿಂತಿತು, ರೇಷನ್ ಅಂಗಡಿಗೆ ಸಕ್ಕರೆ ಬಂದ ಹಾಗೆ. ಮೊದಲು ಧರ್ಮೇಶನೇ ಹೋಗಿ, ಮರಕ್ಕೆ ಬಾಯಿ ಹಚ್ಚಿ, ಏನೋ ಹೇಳಿ ಕಣ್ಣೊರೆಸಿಕೊಂಡು ಬಂದ. ಎರಡನೆಯವಳು ಸಿದ್ದಗಂಗಮ್ಮ. ಅವಳಿಗೆ ಕಿವಿ ಮಂದ. ಅವಳ ಪಿಸುಮಾತು ಕಾಫಿ ಹಣ್ಣಿನ ಸಿಪ್ಪೆ ಸುಲಿಯುವ ಪಲ್ಪರ್ ಯಂತ್ರದಷ್ಟೇ ಮೆತ್ತಗೆ.

"ಬಾವಿಗೆ ಬಿತ್ತು ಅಂತ ನಾನು ಹೇಳಿದ್ನಲ್ಲ, ಆ ನಂಜಮ್ಮನ ತಾಮ್ರದ ಚೊಂಬು, ನಮ್ಮ ಅಟ್ಟದ ಮೇಲೇ ಇದೆ ಕಣಪ್ಪಾ!"

ಮೂರನೆಯವಳಾಗಿ ನಿಂತಿದ್ದವಳು ನಂಜಮ್ಮ.

"ಅಯ್ಯೋ ನಿನ್ನ ಮನೆ ಕಾಯ್ವಾಗ! ಆ ಚೊಂಬಿಗೋಸ್ಕರ ಎರಡು ದಿನ ಬಾವಿಗೆ ಪಾತಾಳಗರಡಿ ಹಾಕಿದೀನಲ್ಲೇ ನಾನು!"

"ಮರದ ಹತ್ರ ಹೇಳಿದ್ದನ್ನ ನೀನ್ಯಾಕೆ ಕೇಳಿಸ್ಕೊಂಡೆ? ಅದು ಪಾಪ!"

ಜುಟ್ಟು ಜುಟ್ಟು ಸೇರಿದವು. ಬಿಡಿಸಲು ಹೋದ ಕುಸುಮಾಳ ಬಳೆ ಎರಡು ಒಡೆದವು. ಗಲಾಟೆ ಕೇಳಿ ತೋಟದ ಸಾಹುಕಾರರಾದ ಮಲ್ಲಿಕಾರ್ಜುನ ಅವರ ಜೀಪೇ ಬಂದು ನಿಂತಿತು.

ಧರ್ಮೇಶ ಕೈಕಟ್ಟಿ ವಿವರಿಸಿದ. ತಾನು ಸರಿಯಾದ ಸಮಯಕ್ಕೆ ಗುರುತು ಹಿಡಿದದ್ದರಿಂದ ಮರ ಉಳಿಯಿತೆಂಬುದನ್ನೂ ಸೇರಿಸಿದ. ಸಾಹುಕಾರರು ಗಂಭೀರವಾಗಿ ಕೇಳಿಸಿಕೊಂಡು, ಕಾಫಿ ಬೆಳೆಗಾರ ಕೇಳಬೇಕಾದ್ದನ್ನೇ ಕೇಳಿದರು.

"ಇದಕ್ಕೆ ಮೆಣಸಿನ ಬಳ್ಳಿ ಹತ್ತುತ್ತೇನೋ?"

"ಚೆನ್ನಾಗಿ ಹತ್ತುತ್ತೆ ಸಾರ್."

"ಒಂದು ಗುಟ್ಟಿಗೆ ಒಂದು ಎಲೆ ಅಂದ್ಯಲ್ಲ. ಹಾಗಾದ್ರೆ ಈ ಲೈನಿನವರಿಂದ ಒಂದೇ ವರ್ಷಕ್ಕೆ ಒಳ್ಳೆ ನೆರಳಾಗುತ್ತೆ." ಅವರು ಕುಸುಮಾಳ ಕಡೆ ತಿರುಗಿದರು. "ನರ್ಸರೀಲಿ ನಿನ್ನ ಕೈ ಒಳ್ಳೇದು ಅಂತಾರಮ್ಮ. ಇದರ ಕೊಂಬೆಯಿಂದ ಮುನ್ನೂರು ಕಡ್ಡಿ ಮಾಡಿ ಹಾಕು. ತೋಟಕ್ಕೆಲ್ಲಾ ಇದನ್ನೇ ನೆಡೋಣ."

"ಅದು... ಸಾರ್, ನಮ್ಮಮ್ಮ..."

"ಹೂಂ, ನಿಮ್ಮಮ್ಮನೂ ಒಳ್ಳೆ ಕೆಲಸಗಾರ್ತಿ," ಎಂದು ಜೀಪು ಹತ್ತಿದರು.

ಮುನ್ನೂರು ಕಡ್ಡಿಗೆ ಇಡೀ ಮರವೇ ಬೇಕಾಯಿತು. ಆಳುಗಳು ಭಯಭಕ್ತಿಯಿಂದ ಹತ್ತಿ ಒಂದೊಂದೇ ಕೊಂಬೆ ಇಳಿಸಿದರು. ನಂಜಮ್ಮ, ಸಿದ್ದಗಂಗಮ್ಮ ಜಗಳ ಬಿಟ್ಟು, ಮನೆಗಿರಲೆಂದು ಎರಡೆರಡು ಕಡ್ಡಿ ಸೆರಗಿನಲ್ಲಿ ಕಟ್ಟಿಕೊಂಡರು. ಮಧ್ಯಾಹ್ನದ ಹೊತ್ತಿಗೆ ಬೋಳು ಕಾಂಡ ಮಾತ್ರ ಉಳಿಯಿತು. ಧರ್ಮೇಶ ಅದನ್ನು ಸುತ್ತು ಹಾಕಿ ನೋಡಿ, "ಇನ್ನು ಇದ್ಯಾಕೆ ಸುಮ್ಮನೆ?" ಎಂದು ಬುಡಕ್ಕೇ ಹಾಕಿಸಿದ.

"ಮುಖ ಸಣ್ಣ ಮಾಡ್ಬೇಡ ಮಾರಾಯ್ತಿ. ಒಂದು ಹೋದ್ರೆ ಮುನ್ನೂರು ಬರ್ತಾವಲ್ಲ. ನಿನ್ನಿಂದಾನೇ ಉಳೀತು ಈ ಜಾತಿ!"

ಸಂಜೆಯವರೆಗೂ ಕುಸುಮಾ ನರ್ಸರಿಯಲ್ಲಿ ಕುಕ್ಕರಗಾಲಲ್ಲಿ ಕೂತು ಚೀಲಗಳಿಗೆ ಮಣ್ಣು ತುಂಬಿ ಕಡ್ಡಿ ಊರಿದಳು. ಬೇರು ಬಿಡುತ್ತವೋ ಇಲ್ಲವೋ, ಯಾರಿಗೆ ಗೊತ್ತು? ಹೋಗಿಬರುವವರೆಲ್ಲ ಬಗ್ಗಿ ಒಂದೊಂದು ಚೀಲಕ್ಕೆ ಏನೋ ಹೇಳಿ ಹೋಗುತ್ತಿದ್ದರು. ಅವಳಿಗೆ ಮಾತ್ರ ಒಂದು ಮಾತೂ ಬರಲಿಲ್ಲ.

ಕೈ ತೊಳೆದು ಮನೆಗೆ ಹೊರಟಾಗ ಕಾಲುದಾರಿಯ ಎರಡೂ ಬದಿಗೆ ಸಿಲ್ವರ್ ಓಕ್ ಮರಗಳು ಸಾಲಾಗಿ ನಿಂತಿದ್ದವು. ಎಲ್ಲವೂ ಒಂದೇ ಎತ್ತರ, ಒಂದೇ ಬಣ್ಣ. ಯಾರೂ ತಲೆಯೆತ್ತಿ ನೋಡದವು. ಕುಸುಮಾ ನಡಿಗೆ ನಿಧಾನ ಮಾಡಿ ನಿಂತಳು. ಅವುಗಳಲ್ಲಿ ಒಂದರ ಮೇಲೆ ಅವಳ ಕಣ್ಣು ಒಂದು ಗಳಿಗೆ ನಿಂತು ಮುಂದೆ ಹೋಯಿತು. ನಾಳೆ ಪಾತ್ರೆ ತೊಳೆದ ಮೇಲೆ ಇಲ್ಲಿಗೇ ಬರುವುದು ಎಂದುಕೊಂಡಳು. ಇದಕ್ಕೆ ಹೆಸರಿಡುವುದು ಬೇಡ.

"ಯಾಕೇ ನಿಂತೆ?" ಹಿಂದಿನಿಂದ ಸಿದ್ದಗಂಗಮ್ಮ ಕೂಗಿದಳು.

"ಕಾಲಿಗೆ ಮುಳ್ಳು," ಎಂದು ಕುಸುಮಾ ಮುಂದೆ ನಡೆದಳು.